ಹಾವು ಕುಡಿಯದ ಹಾಲು

ಪಂಚಮಿ ಹತ್ತಿರ ಬಂತೆಂದರೆ ನನಗೆ ಕೈ ತುರಿಸುತ್ತದೆ ಎಂದು ನನ್ನ ಹೆಂಡತಿ ಮನೆಗೆ ಬಂದವರಿಗೆಲ್ಲ ಹೇಳುತ್ತಾಳೆ. ಗೋಕಾಕದ ನಮ್ಮ ಓಣಿಯಲ್ಲಿ ಶೇಂಗಾ ಹುರಿಯುವ ವಾಸನೆ ಏಳುತ್ತದೆ, ಹೆಂಗಸರು ಉಂಡಿ ಕಟ್ಟಲು ಕೂರುತ್ತಾರೆ, ನಾನು ಹಾವಿನ ಮೇಲೆ ಲೇಖನ ಬರೆಯಲು ಕೂರುತ್ತೇನೆ. ಬರೆಯದಿದ್ದರೆ ನನಗೆ ಉಂಡದ್ದು ಅರಗುವುದಿಲ್ಲವಂತೆ. ಅವಳು ಹೇಳುವುದರಲ್ಲಿ ಸುಳ್ಳಿಲ್ಲ.

ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸಿ ನಿವೃತ್ತನಾದ ಮೇಲೆ ಊರಿನ ಒಂದು ವಾರಪತ್ರಿಕೆಯಲ್ಲಿ ಅಂಕಣ ಬರೆಯುತ್ತ ಬಂದಿದ್ದೇನೆ. ಸಂಪಾದಕ ನನ್ನ ಹಳೆಯ ವಿದ್ಯಾರ್ಥಿ. ಪರೀಕ್ಷೆಯಲ್ಲಿ ಕಪ್ಪೆಯ ಮೂರು ಕೋಣೆಯ ಹೃದಯಕ್ಕೆ ನಾಲ್ಕು ಕೋಣೆ ಕಟ್ಟಿಕೊಟ್ಟವನು, ಆ ಪಾಪ ತೊಳೆದುಕೊಳ್ಳಲು ನನಗೆ ಅರ್ಧ ಪುಟ ಬಿಟ್ಟುಕೊಟ್ಟಿದ್ದಾನೆ. ಹಲ್ಲಿ ಮೈಮೇಲೆ ಬಿದ್ದರೆ ಹಲ್ಲಿಯ ಗತಿ ಏನು, ಕಬ್ಬಿನ ಹೊಲಕ್ಕೆ ಗೂಬೆ ಏಕೆ ಬೇಕು, ಮಳೆ ಬಿದ್ದ ಮೇಲೆ ಕಪ್ಪೆಗಳು ಅಷ್ಟೊಂದು ಗದ್ದಲ ಮಾಡುವುದು ಯಾರಿಗಾಗಿ, ಇಂಥವು ನನ್ನ ವಿಷಯಗಳು. ತಪ್ಪು ಮಾತು ಕಿವಿಗೆ ಬಿದ್ದರೆ ಸುಮ್ಮನಿರುವುದು ನನಗೆ ಬರುವುದಿಲ್ಲ. ಮದುವೆಯ ಪಂಕ್ತಿಯಲ್ಲಿ ಪಕ್ಕದವರು, ಹೆಣ್ಣು ನವಿಲು ಗಂಡಿನ ಕಣ್ಣೀರು ಕುಡಿದು ಮೊಟ್ಟೆಯಿಡುತ್ತದೆ ಎಂದರೆ ಸಾಕು, ಎಲೆಯ ಮೇಲಿನ ಹೋಳಿಗೆ ಅಲ್ಲೇ ಬಿಟ್ಟು ವಾದಕ್ಕೆ ಇಳಿಯುತ್ತೇನೆ. ನನ್ನ ಬಾಜೂ ಕೂರಲು ಬೀಗರು ಹೆದರುತ್ತಾರೆ.

ಓದುಗರು ಪ್ರಶ್ನೆ ಕಳಿಸುತ್ತಾರೆ. ಉತ್ತರ ತಿಳಿಯದಿದ್ದಾಗ ಗೊತ್ತಿಲ್ಲ ಎಂದೇ ಅಚ್ಚು ಹಾಕಿಸುತ್ತೇನೆ. ಘಟಪ್ರಭಾ ಸ್ಟೇಷನ್ನಿನ ಎದುರಿಗೆ ಕಿರಾಣಿ ಅಂಗಡಿ ಇಟ್ಟವರೊಬ್ಬರು ಒಮ್ಮೆ ನನ್ನನ್ನು ತಡೆದು ನಿಲ್ಲಿಸಿ, ಅಷ್ಟು ವರ್ಷ ಪಗಾರ ತೆಗೆದುಕೊಂಡು ಗೊತ್ತಿಲ್ಲ ಎಂದರೆ ಹೇಗೆ ಎಂದು ಕೇಳಿದರು. ಮುಂದಿನ ವಾರ ಅದಕ್ಕೇ ಒಂದು ಲೇಖನ ಬರೆದೆ. ಗೊತ್ತಿಲ್ಲ ಎನ್ನುವುದರಲ್ಲಿ ಎರಡು ಜಾತಿ: ನನಗೆ ಗೊತ್ತಿಲ್ಲದ್ದು ಒಂದು, ಇನ್ನೂ ಯಾರಿಗೂ ಗೊತ್ತಿಲ್ಲದ್ದು ಇನ್ನೊಂದು. ಮೊದಲನೆಯದಕ್ಕೆ ಪುಸ್ತಕ ತೆಗೆಯಬೇಕು, ಎರಡನೆಯದಕ್ಕೆ ಕಾಯಬೇಕು. ಬರೆದು ಮುಗಿಸಿದಾಗ ನನಗೇ ಬಹಳ ಸಂತೋಷವಾಗಿತ್ತು.

ಆ ಸಂತೋಷ ಭಾನುವಾರದವರೆಗೆ ಇತ್ತು. ಭಾನುವಾರ ಪತ್ರಿಕೆ ಬರುತ್ತದೆ, ಮತ್ತು ಭಾನುವಾರ ನಮ್ಮ ಮಾವನ ಫೋನೂ ಬರುತ್ತಿತ್ತು. ಮಾವ ಎಂದರೆ ನನ್ನ ಅಕ್ಕನ ಗಂಡ. ಹುಕ್ಕೇರಿಯ ಬಸ್ ಸ್ಟ್ಯಾಂಡಿನಲ್ಲಿ ವಿಚಾರಣೆಯ ಕಿಟಕಿಯ ಹಿಂದೆ ಕೂತು, ಯಾವ ಊರಿಗೆ ಯಾವಾಗ ಬಸ್ಸು ಎಂದು ಹೇಳುತ್ತಲೇ ನೌಕರಿ ಮುಗಿಸಿದವರು. ಆಮೇಲೆ ನಿಡಸೋಸಿಯ ಹತ್ತಿರದ ತಮ್ಮ ಹಳ್ಳಿಯಲ್ಲಿ ಹೊಲ ನೋಡಿಕೊಂಡಿದ್ದರು. ಅವರಿಗೂ ಅಕ್ಕನಿಗೂ ಮಕ್ಕಳಾಗಲಿಲ್ಲ. ನನ್ನ ಅಂಕಣವನ್ನು ಅಕ್ಕನೆದುರು ದೊಡ್ಡ ದನಿಯಲ್ಲಿ ಓದಿ ಮುಗಿಸಿ, ನಾನು ಚಹಾದ ಕಪ್ಪು ಕೈಗೆತ್ತಿಕೊಳ್ಳುವ ಹೊತ್ತಿಗೆ ಸರಿಯಾಗಿ ಫೋನ್ ಮಾಡುತ್ತಿದ್ದರು. ನಮಸ್ಕಾರವಿಲ್ಲ, ಕ್ಷೇಮಸಮಾಚಾರವಿಲ್ಲ, ಶುರುವಾಗುವುದೇ ಒಂದೇ ಮಾತಿನಿಂದ: "ಓದಿದೆ. ಒಂದ ಸಂಶಯ ಐತಿ." ಆ ಒಂದು ಸಂಶಯಕ್ಕೆ ಬಾಲ ಇರುತ್ತಿತ್ತು, ಬಾಲಕ್ಕೆ ಮರಿ ಇರುತ್ತಿದ್ದವು. ಮಾತು ಮುಗಿಯುವ ಹೊತ್ತಿಗೆ ನನ್ನ ಚಹಾ ಆರಿ ಕೆನೆ ಕಟ್ಟಿರುತ್ತಿತ್ತು. ಹೆಂಡತಿ ಎರಡನೆಯ ಸಲ ಕಾಯಿಸುವಾಗ ಗೊಣಗುತ್ತಿದ್ದಳು.

ಗೊತ್ತಿಲ್ಲದ್ದರಲ್ಲಿ ಎರಡಲ್ಲ, ಮೂರು ಜಾತಿ ಎಂದು ಅವರ ವಾದ. "ನಮ್ಮ ಕಿಡಕಿಗಿ ಬಂದು ಕೆಲವರು ರೈಲಿನ ಟೈಮ್ ಕೇಳತಿದ್ರು. ನಾ ಗೊತ್ತಿಲ್ಲ ಅಂತಿರಲಿಲ್ಲ. ಅದು ನಮ್ಮ ಕಿಡಕಿ ಅಲ್ರಿ ಅಂತಿದ್ದೆ. ನಿಮ್ಮ ವಿಜ್ಞಾನಕ್ಕೂ ಅಂಥಾವು ಇರತಾವು."

ನಾನು ಒಪ್ಪಲಿಲ್ಲ. ಹಾಗೆನ್ನುವುದು ಕೈಕೊಡವಿಕೊಳ್ಳುವವರ ಜಾಣತನ, ನಿನ್ನೆ ಯಾರದೋ ಕಿಟಕಿಯ ಪ್ರಶ್ನೆಯಾಗಿದ್ದದ್ದು ಇಂದು ನಮ್ಮ ಕಿಟಕಿಗೆ ಬಂದಿದೆ, ಸಿಡುಬು ಯಾವ ದೇವಿಯದೂ ಅಲ್ಲ ಎಂದು ತೋರಿಸಿದ್ದು ಯಾರು, ಎಂದೆಲ್ಲ ಕೂಗಾಡಿದೆ. ಮಾವ ಸಿಟ್ಟಾಗುವವರಲ್ಲ. ಪೂರ್ತಿ ಕೇಳಿಸಿಕೊಂಡು, ಬಸ್ಸಿನದು ಬಸ್ಸಿಗೆ, ರೈಲಿನದು ರೈಲಿಗೆ ಎಂದು ಫೋನ್ ಇಟ್ಟರು. ಈ ಜಗಳ ನಮ್ಮಿಬ್ಬರ ನಡುವೆ ವರ್ಷಗಟ್ಟಲೆ ನಡೆಯಿತು. ಇಬ್ಬರಿಗೂ ಅದರಲ್ಲಿ ರುಚಿಯಿತ್ತು.

ಕಳೆದ ಚಳಿಗಾಲದಲ್ಲಿ, ಸಂಕ್ರಮಣಕ್ಕಿಂತ ಸ್ವಲ್ಪ ಮುಂಚೆ, ಮಾವ ಹೊಲದಿಂದ ಬಂದು ಕಟ್ಟೆಯ ಮೇಲೆ ಕೂತವರು ಏಳಲಿಲ್ಲ. ಅವರ ಹೊಲದಲ್ಲೇ ಮಣ್ಣು ಕೊಟ್ಟೆವು. ಅಂದಿನಿಂದ ಭಾನುವಾರದ ಚಹಾ ನನಗೆ ಬಿಸಿಬಿಸಿಯಾಗಿಯೇ ಸಿಗುತ್ತದೆ. ಅದರ ರುಚಿ ನನಗೆ ಹತ್ತಿಲ್ಲ.

ಈ ವರ್ಷದ ಪಂಚಮಿಯ ಲೇಖನಕ್ಕೆ ಬರುತ್ತೇನೆ. ಹಿಂದಿನ ವರ್ಷಗಳಲ್ಲಿ ನಾನು ಬರೆದದ್ದು ಒಂದೇ ರಾಗ. ಹಾವು ಮೊಲೆಯುಣಿಸುವ ಜಾತಿಯಲ್ಲ, ಹಾಲು ಅದರ ಆಹಾರವಲ್ಲ. ದಿನಗಟ್ಟಲೆ ನೀರಿಲ್ಲದೆ ಬುಟ್ಟಿಯಲ್ಲಿ ಇಟ್ಟ ಹಾವು ಯಾವ ದ್ರವ ಸಿಕ್ಕರೂ ಬಾಯಿ ಹಚ್ಚೀತು, ಅದನ್ನು ಕಂಡು ಹಾವು ಹಾಲು ಕುಡಿಯುತ್ತದೆ ಎನ್ನುವುದು ನಮ್ಮ ತಪ್ಪು. ನಮ್ಮ ಶರಣರು ಎಂದೋ ನಕ್ಕು ಬಿಟ್ಟ ವಿಷಯ ಇದು, ನಾನು ಹೊಸದೇನೂ ಹೇಳುತ್ತಿಲ್ಲ, ಎಂದೂ ಸೇರಿಸುತ್ತಿದ್ದೆ. ಜನ ಓದಿ, ಸರ್ ಬರೆದದ್ದು ಖರೆ ಎಂದು ತಲೆಯಾಡಿಸಿ, ಹಬ್ಬದ ದಿನ ಎದ್ದು ಸ್ನಾನ ಮಾಡಿ ಹಾಲೆರೆಯುತ್ತಿದ್ದರು. ನನ್ನ ಮನೆಯಲ್ಲೂ.

ಈ ಸಲ ನಾನು ಸ್ವಲ್ಪ ಬುದ್ಧಿ ಓಡಿಸಿದೆ. ನಮ್ಮ ಕಡೆ ನಾಗಪ್ಪನಿಗೆ ಹಾಲೆರೆಯುವಾಗ ಹೆಂಗಸರು ಸುಮ್ಮನೆ ಸುರಿಯುವುದಿಲ್ಲ. ಕೊಬ್ಬರಿ ಬಟ್ಟಲಲ್ಲಿ ಒಂದೊಂದು ಗುಟುಕು ತೆಗೆದು, ದೇವರ ಪಾಲು, ಗುರುವಿನ ಪಾಲು, ಅಪ್ಪನ ಪಾಲು, ಅವ್ವನ ಪಾಲು, ಅಣ್ಣನ ಪಾಲು ಎಂದು ಮನೆಯ ಪ್ರತಿಯೊಬ್ಬರನ್ನೂ ನೆನೆದು ಎರೆಯುತ್ತಾರೆ. ಇಷ್ಟು ಚೆಂದದ ಪದ್ಧತಿ ಹಾವಿನ ಹೆಸರಲ್ಲಿ ಏಕೆ ಹಾಳಾಗಬೇಕು? ಪಾಲು ಹೇಳಿರಿ, ಆದರೆ ಯಾರ ಪಾಲೋ ಅವರ ಕೈಗೆ ಲೋಟ ಕೊಡಿರಿ, ಎಂದು ಬರೆದೆ. ಸಂಪಾದಕ "ಯಾರ ಪಾಲು ಅವರ ಹೊಟ್ಟೆಗೆ" ಎಂದು ದಪ್ಪ ಅಕ್ಷರದಲ್ಲಿ ತಲೆಬರಹ ಕೊಟ್ಟ.

ಲೇಖನ ಹಾರಿಕೊಂಡು ಹೋಯಿತು. ನನ್ನ ಜನ್ಮದಲ್ಲಿ ನಾನು ಬರೆದದ್ದು ಅಷ್ಟು ಓದಿಸಿಕೊಂಡಿರಲಿಲ್ಲ. ವಾಟ್ಸಾಪಿನಲ್ಲಿ ಅದು ನನಗೇ ತಿರುಗಿ ಬಂತು, ಕೆಳಗೆ ಯಾರದೋ ಬೇರೆಯವರ ಹೆಸರಿತ್ತು. ತುಕ್ಕಾನಟ್ಟಿಯ ಶಿಕ್ಷಕಿಯೊಬ್ಬರು ತಮ್ಮ ಸಾಲೆಯಲ್ಲಿ ಹೀಗೆಯೇ ಮಾಡುತ್ತೇವೆ ಎಂದು ಫೋನ್ ಮಾಡಿದರು. ಮೂಡಲಗಿಯಲ್ಲಿ ಮಹಿಳೆಯರ ಸಂಘದವರು ಭಾಷಣಕ್ಕೆ ಕರೆದರು. ಹೋದೆ. ಹಾವಿನ ಬಾಯಿಯ ಚಿತ್ರ ತೋರಿಸಿ ಉದ್ದಕ್ಕೆ ಮಾತಾಡಿದೆ. ಕೊನೆಗೆ ಮುಂದಿನ ಸಾಲಿನಲ್ಲಿ ಕೂತಿದ್ದ ಒಬ್ಬ ಅಜ್ಜಿ ಸೆರಗು ಸರಿಮಾಡಿಕೊಂಡು ಎದ್ದರು.

"ಸರ, ನಮ್ಮ ನಾಗಪ್ಪ ಮಣ್ಣಿಂದ್ರಿ. ಹಾವು ಕುಡಿಯೂದಿಲ್ಲಂದ್ರ ಬಿಡ್ರಿ. ಮಣ್ಣು ಕುಡೀತೈತ್ರಿ."

ಸಭೆಯೆಲ್ಲ ನಕ್ಕಿತು. ನಾನೂ ನಕ್ಕೆ, ಏಕೆಂದರೆ ಹುತ್ತದ ಮಣ್ಣು ಹಾಲು ಹೀರುವುದನ್ನು ಯಾವ ಜೀವಶಾಸ್ತ್ರವೂ ಅಲ್ಲಗಳೆಯುವಂತಿಲ್ಲ. ಉಂಡಿಯ ಡಬ್ಬಿ ಕೊಟ್ಟು ಕಳಿಸಿದರು. ಬಸ್ಸಿನಲ್ಲಿ ಕೂತು ಒಂದು ಉಂಡಿ ಬಾಯಿಗಿಟ್ಟುಕೊಂಡು, ಈ ಮಾತು ಮಾವನಿಗೆ ಹೇಳಬೇಕು ಎಂದುಕೊಂಡೆ. ಆಮೇಲೆ ನೆನಪಾಯಿತು. ಡಬ್ಬಿ ಮುಚ್ಚಿ, ಕಿಟಕಿಯ ಹೊರಗೆ ನೋಡುತ್ತ ಕೂತೆ.

ಪಂಚಮಿಗೆ ಹೆಣ್ಣುಮಕ್ಕಳನ್ನು ತವರಿಗೆ ಕರೆತರಲು ಅಣ್ಣನೋ ತಮ್ಮನೋ ಹೋಗಬೇಕು. ಅಕ್ಕ ಅಜ್ಜಿಯ ವಯಸ್ಸಿನವಳಾದರೂ ನಾನು ಇದನ್ನು ತಪ್ಪಿಸಿಲ್ಲ. ಕರೆಯಲು ಹೋಗದಿದ್ದರೆ ಅವಳು ಬರುವುದಿಲ್ಲ. ಹೋದರೂ ಒಂದು ಸಲ ಒಲ್ಲೆ ಎನ್ನದೆ ಬರುವುದಿಲ್ಲ. ಕಾರು ತೆಗೆದುಕೊಂಡು ಹಳ್ಳಿಗೆ ಹೋದಾಗ ಅಕ್ಕ ಪಡಸಾಲೆಯಲ್ಲಿ ಕೂತಿದ್ದಳು. ಕೈಯಲ್ಲಿ ನನ್ನ ಲೇಖನವಿದ್ದ ಪತ್ರಿಕೆ. ಮಾವ ಓದಿ ಹೇಳುತ್ತಿದ್ದಾಗ ಕೇಳಿದರೂ ಕೇಳದವಳಂತೆ ಅಕ್ಕಿ ಆರಿಸುತ್ತಿದ್ದವಳು, ಈಗ ತಾನೇ ಕನ್ನಡಕ ಏರಿಸಿ ಓದುತ್ತಿದ್ದಳು.

ಊಟಕ್ಕೆ ಬಡಿಸಿದಳು, ತಾನು ಕೂರಲಿಲ್ಲ. ಈ ಸಲ ತಾನು ಬರುವುದಿಲ್ಲ ಎಂದಳು. ಯಾವಾಗಿನ ಒಲ್ಲೆ ಇದಲ್ಲ ಎಂದು ನನಗೆ ದನಿಯಲ್ಲೇ ತಿಳಿಯಿತು.

"ಸಾವಾದ ಮನಿಯಾಗ ವರ್ಷ ತುಂಬೂ ತನಕಾ ಹಬ್ಬ ಮಾಡಾಂಗಿಲ್ಲ. ತವರಾಗರ ಎರಿಯೂಣಂದ್ರ ನೀ ಪೇಪರಿನಾಗ ಬರದು ಕುಂತಿ. ಇವರ ಪಾಲು ನಾ ಎಲ್ಲಿ ಎರೀಲಿ, ನೀನ ಹೇಳು."

ಅಕ್ಕ ಮಾವನನ್ನು ಇವರು ಎಂದೇ ಕರೆಯುತ್ತಿದ್ದಳು, ಜನ್ಮದಲ್ಲಿ ಒಮ್ಮೆಯೂ ಹೆಸರು ಹಿಡಿದವಳಲ್ಲ. ಅಷ್ಟು ಜನ ಓದಿದ್ದರು, ಅಷ್ಟು ಜನ ಭೇಷ್ ಎಂದಿದ್ದರು, ಇದೊಂದು ಪ್ರಶ್ನೆ ಯಾರೂ ಕೇಳಿರಲಿಲ್ಲ. ಯಾರ ಪಾಲು ಅವರ ಹೊಟ್ಟೆಗೆ ಎಂದು ಬರೆದುಬಿಟ್ಟಿದ್ದೆ. ಹೊಟ್ಟೆಯೇ ಇಲ್ಲದವರ ಪಾಲಿನ ವಿಚಾರ ಬಂದಿರಲಿಲ್ಲ.

ನೀನು ಎರೆದುಕೋ, ಲೇಖನ ಲೇಖನದ ಕಡೆ ಇರಲಿ ಎಂದು ಅಲ್ಲೇ ಹೇಳಿಬಿಡಬಹುದಿತ್ತು. ಹೇಳಲಿಲ್ಲ. ಓಣಿಯ ಹೆಂಗಸರೆಲ್ಲ ಹಬ್ಬದ ದಿನ, ಸರ್ ಮನೆಯಲ್ಲಿ ಹೇಗೆ ಮಾಡುತ್ತಾರೆ ನೋಡೋಣ ಎಂದು ಬರುವವರಿದ್ದರು. ಊರಿಗೆಲ್ಲ ಹಾಲು ಚೆಲ್ಲಬೇಡಿ ಎಂದು ಹೇಳಿ, ನನ್ನ ಮನೆಯಲ್ಲೇ ಚೆಲ್ಲಿದರೆ ಮರುದಿನ ಬಸ್ ಸ್ಟ್ಯಾಂಡಿನಲ್ಲಿ ನಾನು ಮುಖ ತೋರಿಸುವುದು ಹೇಗೆ? ಅದಕ್ಕಿಂತ ಹೆಚ್ಚಾಗಿ, ನಾನು ಬರೆದದ್ದು ಸರಿಯೆಂದೇ ನನ್ನ ನಂಬಿಕೆ. ಆದರೆ ಅಕ್ಕ ಬಾರದ ಪಂಚಮಿಯನ್ನೂ ನನಗೆ ಊಹಿಸಿಕೊಳ್ಳಲಾಗಲಿಲ್ಲ. ಅವ್ವ ಹೋದ ಮೇಲೆ ನಮ್ಮ ಮನೆಯಲ್ಲಿ ನನ್ನನ್ನು ಬೈಯುವ ಹಕ್ಕು ಇರುವವಳು ಅವಳೊಬ್ಬಳೇ.

ಬಾ ಅಕ್ಕಾ, ಏನಾದರೂ ದಾರಿ ಹುಡುಕೋಣ ಎಂದೆ. ಹುಡುಕದಿದ್ದರೆ ತಿರುಗಿ ತಂದು ಬಿಡಬೇಕು, ಹಬ್ಬದ ದಿನವೇ ಬಿಡಬೇಕು, ಎಂದು ಶರತ್ತು ಹಾಕಿದಳು. ಒಪ್ಪಿದೆ. ಒಳಗೆ ಹೋಗಿ ಮೊದಲೇ ಕಟ್ಟಿಟ್ಟಿದ್ದ ಚೀಲ ತಂದಳು.

ದಾರಿಯುದ್ದಕ್ಕೂ ಸಣ್ಣ ಮಳೆ. ಅಕ್ಕ ಗೋವಿನಜೋಳದ ಬೆಳೆ ನೋಡುತ್ತ, ಯಾರ ಹೊಲದಲ್ಲಿ ಕಳೆ ತೆಗೆದಿಲ್ಲ ಎಂದು ಲೆಕ್ಕ ಹಾಕುತ್ತಿದ್ದಳು. ನಾನು ಮನಸ್ಸಿನಲ್ಲೇ ಹುಡುಕುತ್ತಿದ್ದೆ. ಪ್ರಶ್ನೆ ಒಂದಲ್ಲ, ಎರಡು. ಅಕ್ಕ ಪ್ರತಿವರ್ಷ ಅವ್ವನ ಪಾಲನ್ನೂ ಎರೆಯುತ್ತಾಳೆ. ಅವ್ವ ಹೋಗಿ ಬಹಳ ವರ್ಷವಾಯಿತು. ಅವಳ ಲೋಟ ಯಾರ ಕೈಗೆ ಕೊಡಲಿ?

ಹುಕ್ಕೇರಿ ದಾಟುತ್ತಿದ್ದಂತೆ ಅವ್ವನ ಪಾಲಿಗೆ ಉತ್ತರ ಸಿಕ್ಕಿತು. ಎಷ್ಟು ಚೆಂದದ ಉತ್ತರವೆಂದರೆ ಸ್ಟೇರಿಂಗ್ ಬಡಿದುಬಿಟ್ಟೆ. ಏನಾಯಿತು ಎಂದು ಅಕ್ಕ ಬೆಚ್ಚಿದಳು. ಏನೂ ಇಲ್ಲ, ನಾಳೆ ಹೇಳುತ್ತೇನೆ ಎಂದೆ. ಆ ಖುಷಿಯಲ್ಲಿ ಘಟಪ್ರಭಾದವರೆಗೆ ಸಿಳ್ಳೆ ಹೊಡೆಯುತ್ತ ಬಂದೆ. ಘಟಪ್ರಭಾದ ರೈಲ್ವೆ ಗೇಟು ಹಾಕಿತ್ತು. ಗಾಡಿ ನಿಲ್ಲಿಸಿ, ಮಾವನ ಪಾಲಿಗೂ ಅದೇ ಉತ್ತರವನ್ನು ಹಚ್ಚಿ ನೋಡಿದೆ. ಹತ್ತಲಿಲ್ಲ. ಹೇಗೆ ತಿರುಗಿಸಿದರೂ ಹತ್ತಲಿಲ್ಲ. ರೈಲು ಹೋಗಿ ಗೇಟು ತೆರೆಯಿತು, ಹಿಂದಿನವರು ಹಾರ್ನ್ ಹೊಡೆದರು. ಅಲ್ಲಿಂದ ಗೋಕಾಕದವರೆಗೆ ಸಿಳ್ಳೆ ಬರಲಿಲ್ಲ.

ಹಬ್ಬದ ದಿನ ನಮ್ಮ ಹಿತ್ತಲಲ್ಲಿ ಜಾತ್ರೆಯಷ್ಟು ಗದ್ದಲ. ಮಗಳು ತನ್ನ ಇಬ್ಬರು ಸಣ್ಣ ಹುಡುಗಿಯರನ್ನು ಕರೆದುಕೊಂಡು ಬಂದಿದ್ದಳು. ಬೇವಿನ ಮರಕ್ಕೆ ಜೋಕಾಲಿ ಕಟ್ಟಿತ್ತು. ಓಣಿಯ ಹೆಂಗಸರು ಬಾಗಿಲಲ್ಲಿ ನೆರೆದಿದ್ದರು. ಹೆಂಡತಿ ಮಣೆಯ ಮೇಲೆ ಹುತ್ತದ ಮಣ್ಣಿನ ನಾಗಪ್ಪನನ್ನು ಮಾಡಿ ಕೂರಿಸಿದ್ದಳು. ಈ ಸಲ ಅದು ಏಕೆ ಎಂದು ಕೇಳಿದ್ದಕ್ಕೆ, ಹಾಲು ಕುಡಿಯದಿದ್ದರೆ ಬೇಡ, ನಾವು ಕುಡಿಯುವುದನ್ನು ನೋಡಲಿ ಎಂದಳು. ಮಣೆಯ ಮುಂದೆ ಸ್ಟೀಲಿನ ಲೋಟಗಳು ಸಾಲಾಗಿದ್ದವು, ಬೆಲ್ಲ ಏಲಕ್ಕಿ ಹಾಕಿದ ಹಾಲು ತುಂಬಿದ್ದವು.

ದೇವರ ಪಾಲಿಗೇ ತೊಡಕು ಬಂತು. ಯಾರು ಕುಡಿಯಬೇಕು? ಹೆಂಡತಿ ಆ ಲೋಟವನ್ನು ದೇವರ ಮನೆಯಲ್ಲಿಟ್ಟು ತಂದು, ಪ್ರಸಾದವಾಯಿತೆಂದು ಎಲ್ಲರ ಅಂಗೈಗೂ ಹಾಕಿ ಕ್ಷಣದಲ್ಲಿ ಬಗೆಹರಿಸಿದಳು. ಗುರುವಿನ ಪಾಲು ಎಂದಾಗ ಬಾಗಿಲಲ್ಲಿ ನಿಂತವರಲ್ಲಿ ನನ್ನ ಹಳೆಯ ವಿದ್ಯಾರ್ಥಿನಿಯರಿಬ್ಬರಿದ್ದರು, ಸರ್ ಅವರದೇ ಎಂದು ಕೂಗಿದರು. ಕುಡಿದೆ. ಅಪ್ಪನ ಪಾಲು ಎಂದು ಮಗಳು ಮತ್ತೊಂದು ಕೊಟ್ಟಳು. ಅಜ್ಜನ ಪಾಲು ಎಂದು ಮೊಮ್ಮಗಳು ಇನ್ನೊಂದು ಹಿಡಿದು ಬಂದಳು. ಹಾಲು ನನಗೆ ಅಷ್ಟಾಗಿ ಸೇರುವುದಿಲ್ಲ. ನಾನು ಬರೆದದ್ದನ್ನು ನಾನೇ ಕುಡಿಯಬೇಕಾಯಿತು. ಮೊಮ್ಮಕ್ಕಳು ತಮ್ಮ ಪಾಲು ಕುಡಿದು ಬಿಳಿ ಮೀಸೆ ಬರಿಸಿಕೊಂಡು ಜೋಕಾಲಿಗೆ ಓಡಿದರು.

ಉಳಿದದ್ದು ಎರಡು ಲೋಟ. ಅಕ್ಕ ಅಷ್ಟು ಹೊತ್ತು ಮೂಲೆಯಲ್ಲಿ ಕೂತು ನಗುತ್ತಿದ್ದವಳು ಎದ್ದು ಬಂದಳು. ಒಂದನ್ನು ಕೈಗೆತ್ತಿಕೊಂಡು, ಅವ್ವನ ಪಾಲು ಎಂದು ನನ್ನ ಮುಖ ನೋಡಿದಳು.

ನಾನು ಗಂಟಲು ಸರಿಮಾಡಿಕೊಂಡು ಪಾಠ ಶುರುಮಾಡಿದೆ. ನಮ್ಮ ಮೈಯ ಜೀವಕೋಶಗಳೊಳಗೆ ಮೈಟೊಕಾಂಡ್ರಿಯಾ ಎನ್ನುವ ಸಣ್ಣ ಸಣ್ಣ ಒಲೆಗಳಿರುತ್ತವೆ. ಉಂಡದ್ದು ಕುಡಿದದ್ದು ಕೊನೆಗೆ ಉರಿದು ಶಕ್ತಿಯಾಗುವುದು ಅಲ್ಲಿ. ನಮ್ಮ ಉಳಿದದ್ದೆಲ್ಲ ಅಪ್ಪ ಅವ್ವ ಇಬ್ಬರ ಪಾಲು, ಆದರೆ ಈ ಒಲೆ ಮಾತ್ರ ಬರುವುದು ಅವ್ವನಿಂದ. ಅವ್ವ ಹೊತ್ತಿಸಿಕೊಟ್ಟ ಒಲೆ ಅಕ್ಕನೊಳಗೂ ನನ್ನೊಳಗೂ ಈಗಲೂ ಉರಿಯುತ್ತಿದೆ. ನಾವಿಬ್ಬರು ಈ ಹಾಲು ಕುಡಿದರೆ ಅದು ಅವ್ವನ ಒಲೆಗೇ ಬೀಳುತ್ತದೆ. ಇದು ಕವಿತೆಯಲ್ಲ, ಪಠ್ಯಪುಸ್ತಕದಲ್ಲಿದೆ ಎಂದೆ.

ಹಾಗಾದರೆ ಮಗಳ ಒಳಗಿರುವುದು ನನ್ನ ಒಲೆ, ನಿಮ್ಮದಲ್ಲ, ಹೌದೇ ಎಂದು ಹೆಂಡತಿ ಕೇಳಿದಳು. ಹೌದು ಎಂದೆ. ಅವಳ ಮುಖದಲ್ಲಿ ಅಂಥ ಬೆಳಕು ನಾನು ಕಂಡು ಬಹಳ ದಿನವಾಗಿತ್ತು. ಅಕ್ಕ ಮಾತ್ರ ಲೆಕ್ಕ ಹಾಕುತ್ತಿದ್ದಳು.

"ನನಗ ಮಕ್ಕಳಿಲ್ಲ. ನೀ ಗಂಡಸು. ಹಂಗಾರ ಅವ್ವನ ಒಲಿ ನಮ್ಮಿಬ್ಬರಿಗೆ ಮುಗೀತು."

ಈ ಒಂದು ಮಾತನ್ನು ನಾನು ಬೇಕೆಂದೇ ಬಿಟ್ಟಿದ್ದೆ. ಸುಳ್ಳು ಹೇಳಲು ಬಾರದೆ ಹೂಂ ಎಂದೆ.

"ಹಂಗಾರ ಚೆಲ್ಲದಂಗ ಕುಡಿ," ಎಂದು ಲೋಟವನ್ನು ನನ್ನ ಕೈಗೆ ಕೊಟ್ಟಳು.

ನಾನು ಕುಡಿದು ಅವಳಿಗೆ ಕೊಟ್ಟೆ, ಅವಳು ತಲೆ ಹಿಂದಕ್ಕೆ ಚಾಚಿ ತಳದ ಬೆಲ್ಲದವರೆಗೆ ಕುಡಿದಳು. ಹೆಂಗಸರು ಚಪ್ಪಾಳೆ ತಟ್ಟಿದರು. ಅಂಕಣಕಾರನಾಗಿ ನನ್ನ ಜನ್ಮ ಸಾರ್ಥಕವಾದ ಗಳಿಗೆ ಅದು. ಅಲ್ಲೇ ಮುಗಿದಿದ್ದರೆ ಎಷ್ಟು ಚೆನ್ನಾಗಿತ್ತು.

ಅಕ್ಕ ಕೊನೆಯ ಲೋಟ ಎತ್ತಿಕೊಂಡಳು. ಎರಡೂ ಕೈಯಲ್ಲಿ ಹಿಡಿದಿದ್ದಳು. "ಇದಕ್ಕ ನಿಂದು ವಿಜ್ಞಾನ ಏನ ಹೇಳತೈತಿ, ತಮ್ಮಾ?"

ಹೇಳಲು ಏನೂ ಇರಲಿಲ್ಲ ಎಂದಲ್ಲ. ಮಾವನ ಮೈ ಅವರ ಹೊಲದ ಮಣ್ಣಿನಲ್ಲಿದೆ, ಆ ಮಣ್ಣಿನಿಂದ ಈ ಸಲದ ಜೋಳ ಬಂದಿದೆ, ಆ ಜೋಳದ ರೊಟ್ಟಿಯನ್ನು ನಿನ್ನೆ ನಾನೇ ಅವಳ ಮನೆಯಲ್ಲಿ ಉಂಡು ಬಂದಿದ್ದೇನೆ, ಎಂದು ಪಾಠ ಎಳೆಯಬಹುದಿತ್ತು. ಅದೂ ಖರೆಯೇ. ಆದರೆ ಅಕ್ಕ ಕೇಳಿದ್ದು ಅದನ್ನಲ್ಲ. ಒಂದು ಜನ್ಮ ಜೊತೆಗಿದ್ದವರ ಪಾಲನ್ನು ಏನು ಮಾಡಬೇಕು ಎಂದು ಅವಳು ಕೇಳಿದ್ದಳು. ಅದಕ್ಕೆ ಉತ್ತರ ನನಗೆ ಗೊತ್ತಿಲ್ಲದ್ದೂ ಅಲ್ಲ, ಇನ್ನೂ ಯಾರಿಗೂ ಗೊತ್ತಿಲ್ಲದ್ದೂ ಅಲ್ಲ. ನಾಳೆ ಯಾವ ಪ್ರಯೋಗಾಲಯದಲ್ಲೂ ಅದು ಹೊರಬೀಳುವುದಿಲ್ಲ. ಅಷ್ಟು ವರ್ಷ ಫೋನಿನಲ್ಲಿ ಕೂಗಾಡಿ ಒಪ್ಪದ ಮಾತು ತಾನಾಗಿ ಬಾಯಿಗೆ ಬಂತು.

"ಅದು ನಮ್ಮ ಕಿಡಕಿ ಅಲ್ಲಕ್ಕಾ."

ಅಕ್ಕ ನನ್ನನ್ನೇ ನೋಡಿದಳು. ಆ ಮಾತು ಯಾರದೆಂದು ಅವಳಿಗೆ ನನಗಿಂತ ಚೆನ್ನಾಗಿ ಗೊತ್ತಿತ್ತು. ಅವಳ ಕಣ್ಣು ತುಂಬಿದವು, ತುಟಿಯಲ್ಲಿ ನಗುವೂ ಇತ್ತು.

"ಹಂಗಾರ ಬಾಜೂ ಸರಿ," ಎಂದಳು.

ಸರಿದೆ. ಅವಳು ಕೊಬ್ಬರಿ ಬಟ್ಟಲು ಕೇಳಿದಳು, ಹೆಂಡತಿ ಓಡಿಹೋಗಿ ತಂದುಕೊಟ್ಟಳು. ಅಕ್ಕ ಮಣೆಯ ಮುಂದೆ ಕೂತು ಬಟ್ಟಲಿಗೆ ಹಾಲು ಸುರಿದುಕೊಂಡು, ಇವರ ಪಾಲು ಎಂದು ನಾಗಪ್ಪನ ಹೆಡೆಯ ಮೇಲೆ ಎರೆದಳು. ಮತ್ತೆ ಸುರಿದುಕೊಂಡು ಮತ್ತೆ ಎರೆದಳು. ಅವಸರವಿರಲಿಲ್ಲ. ಬಾಗಿಲಲ್ಲಿದ್ದವರು ಒಮ್ಮೆ ನನ್ನ ಕಡೆ ನೋಡಿದರು, ನಾನು ಏನಾದರೂ ಅಂದೇನೆಂದು. ನಾನು ಮಣ್ಣನ್ನು ನೋಡುತ್ತಿದ್ದೆ. ಹಾಲು ಹೆಡೆಯಿಂದ ಇಳಿಯುತ್ತಿದ್ದಂತೆ ಮಣ್ಣಿನ ಬಣ್ಣ ಗಾಢವಾಗುತ್ತ ಹೋಯಿತು, ಮಣೆಯ ಮೇಲೆ ಹೆಚ್ಚೇನೂ ಹರಿಯಲಿಲ್ಲ. ಮೂಡಲಗಿಯ ಅಜ್ಜಿ ಹೇಳಿದ್ದು ಸರಿಯಿತ್ತು. ಅಕ್ಕ ಎದ್ದು ಕೈ ಒರೆಸಿಕೊಂಡು, ಇನ್ನು ಉಂಡಿ ಕೊಡಿರಿ, ಹಸಿವೆಯಾಗಿದೆ ಎಂದಳು. ಆ ಸಂಜೆ ಜೋಕಾಲಿಯಲ್ಲಿ ಕೂತು, ಜೋರಾಗಿ ತೂಗು ಎಂದು ನನ್ನ ಸೊಂಟ ಮುರಿಸಿದಳು. ಅವಳನ್ನು ಹಬ್ಬದ ದಿನವೇ ತಿರುಗಿ ಬಿಡುವ ಮಾತು ಯಾರೂ ತೆಗೆಯಲಿಲ್ಲ. ಹಬ್ಬ ಮುಗಿದ ಮೇಲೂ ಕೆಲವು ದಿನ ಇದ್ದು ಹೋದಳು.

ಆಮೇಲಿನ ಅಂಕಣದಲ್ಲಿ ಒಲೆಯ ವಿಷಯ ಬರೆದೆ. ಹಾವು ಹಾಲು ಕುಡಿಯುವುದಿಲ್ಲ ಎಂಬುದನ್ನು ಒಂದು ಅಕ್ಷರವೂ ಬದಲಿಸಲಿಲ್ಲ; ಜೀವಂತ ಇರುವವರ ಪಾಲು ಅವರವರ ಹೊಟ್ಟೆಗೇ ಸೇರಲಿ ಎಂಬುದನ್ನೂ ಬಿಡಲಿಲ್ಲ. ಇಲ್ಲದವರ ಪಾಲಿನ ಬಗ್ಗೆ ಮಾತ್ರ, ಅದನ್ನು ಎಲ್ಲಿ ಎರೆಯಬೇಕೆಂದು ನನ್ನನ್ನು ಕೇಳಬೇಡಿರಿ, ಅದು ನಮ್ಮ ಕಿಟಕಿಯಲ್ಲ ಎಂದು ಬರೆದೆ. ಗೊತ್ತಿಲ್ಲದ್ದರಲ್ಲಿ ಮೂರು ಜಾತಿ ಎಂದು ತಿದ್ದುಪಡಿಯನ್ನೂ ಹಾಕಿದೆ. ಒಪ್ಪಿಕೊಂಡೆ ಎಂದು ಹೇಳಬೇಕಾದವರಿಗೆ ಅದು ತಲುಪುವಂತಿರಲಿಲ್ಲ. ಬರೆಯುವಾಗ ಆ ದುಃಖ ಇತ್ತು.

ಭಾನುವಾರ ಪತ್ರಿಕೆ ಬಂತು. ಹೆಂಡತಿ ಚಹಾ ತಂದಿಟ್ಟಳು. ಕಪ್ಪು ಎತ್ತಿಕೊಳ್ಳುತ್ತಿದ್ದಂತೆ ಫೋನ್ ಬಂತು. ಅಕ್ಕ. ನಮಸ್ಕಾರವಿಲ್ಲ, ಕ್ಷೇಮಸಮಾಚಾರವಿಲ್ಲ.

"ಓದಿದೆ. ಒಂದ ಸಂಶಯ ಐತಿ."

ಕಪ್ಪು ಕೆಳಗಿಟ್ಟೆ. ಅವಳು ಕಾಯಲಿಲ್ಲ. ಅವ್ವನ ಪಾಲನ್ನು ಇಬ್ಬರೂ ಸಮ ಸಮ ಕುಡಿದೆವು ಎಂದು ನಾನು ಬರೆದದ್ದು ಸುಳ್ಳು, ಲೋಟ ಮೊದಲು ನನ್ನ ಕೈಗೆ ಬಂದಿತ್ತು, ತನಗೆ ಉಳಿದದ್ದು ತಳದಲ್ಲಿ ಮಾತ್ರ, ವಿಜ್ಞಾನ ಬರೆಯುವವರು ಅಳತೆಯಲ್ಲಿ ಹೀಗೆ ತಪ್ಪಬಹುದೇ ಎಂದು ಕೇಳಿದಳು. ನಾನು ಹಾಗಲ್ಲ ಎಂದೆ. ಅವಳು ಹಾಗೇ ಎಂದಳು. ಕುರ್ಚಿ ಎಳೆದುಕೊಂಡು ಕೂತು ವಾದಕ್ಕೆ ಇಳಿದೆ. ಆ ಭಾನುವಾರ ನನ್ನ ಚಹಾ ಆರಿ ಕೆನೆ ಕಟ್ಟಿತು.